ತೋತಾ ಪಲ್ಮಿರಾಳ ಬೆನ್ನು

ನಾಟಕದ ಕಂಪನಿಯಲ್ಲಿ ಇಪ್ಪತ್ತೆರಡು ವರ್ಷ ತಾಯಿಯ ಪಾತ್ರ ಮಾಡಿದವಳು ನಾನು. ಗಂಟಲು ಕೈಕೊಟ್ಟ ವಾರವೇ ನನ್ನನ್ನು ಹೊರಗೆ ಹಾಕಿದರು. ತುರಿನ್‌ನಲ್ಲಿ ದೋರಾ ನದಿಯ ದಂಡೆಯಲ್ಲಿ ಬೆಳಕು ಬೀಳಲೆಂದು ಗಾಜಿನ ಸೂರು ಹಾಕಿಕೊಂಡು ಸಿನಿಮಾ ತೆಗೆಯುತ್ತಿದ್ದವರಿಗೆ ನನ್ನ ದನಿ ಬೇಕಿರಲಿಲ್ಲ, ಮುಖ ಸಾಕಾಗಿತ್ತು. ಆಗಿನ ಸಿನಿಮಾಕ್ಕೆ ಮಾತೇ ಇರಲಿಲ್ಲವಲ್ಲ! ಆರು ವರ್ಷದಲ್ಲಿ ಸೇವಕಿ, ಅತ್ತೆ, ಭಿಕ್ಷುಕಿ ಎಲ್ಲ ಆದೆ. ಮದುವೆಯಾಗದವಳೆಂದು ಊರೆಲ್ಲ ನನ್ನನ್ನು ತೋತಾ ಪಲ್ಮಿರಾ ಎನ್ನುತ್ತಿತ್ತು. ಪರದೆಯ ಮೇಲೆ ಮಾತ್ರ ನನಗೆ ನಲವತ್ತು ಮಕ್ಕಳು. ಈ ಮುಖವೂ ಹೋದರೆ ನಾನು ನಟಿಯೇ ಅಲ್ಲ.

ಆ ಮುಖಕ್ಕೇ ಕೈ ಹಾಕಿದಳು ನಮ್ಮ ನಾಯಕಿ ಅಲ್ಮಿನಾ ವಾಲ್ಸೆ. ಕುಣಿಯಲಾರದವಳು ನೆಲ ಡೊಂಕು ಅಂದಳಂತೆ. ಇವಳು ಸಾಯುವ ದೃಶ್ಯ ಸಪ್ಪೆಯಾದರೆ ತಪ್ಪು ನನ್ನ ಮುಖದ್ದು!

"ತೋತಾ, ಈ ಸಲ ಬೆನ್ನು ತಿರುಗಿಸಿ ನಿಂತ್ಕೊಳ್ಳಿ," ಎಂದ ನಿರ್ದೇಶಕ ಗಾಸ್ತೋನೆ, ಕಣ್ಣು ತಪ್ಪಿಸುತ್ತ.

"ಯಾಕಪ್ಪಾ, ನನ್ನ ಮೂತಿಗೇನಾಗಿದೆ?"

"ಜನ ನಿಮ್ಮನ್ನೇ ನೋಡ್ತಾರಂತೆ."

"ನೋಡ್ಲಿ! ಕಣ್ಣಿರೋದು ಮತ್ಯಾಕೆ?"

ಹಾಸಿಗೆಯ ಮೇಲಿಂದ ಅಲ್ಮಿನಾ ನಕ್ಕಳು. "ಅಜ್ಜಿಯ ಜಂಬ ನೋಡು! ಇಷ್ಟ ಇಲ್ಲಾಂದ್ರೆ ಮನೆಗೆ ಹೋಗಿ ಪೊಲೆಂತಾ ಗಂಜಿ ತಿರುವ್ತಾ ಕೂತ್ಕೋ. ತಾಯಂದಿರಿಗೇನ್ ಬರಗಾಲಾನಾ?"

ಮೈಯೆಲ್ಲ ಉರಿಯಿತು. ಎದ್ದು ಹೋಗಿಬಿಡಲೇ ಎಂದುಕೊಂಡೆ. ಹೋದರೆ ಅವಳು ಗೆದ್ದ ಹಾಗೆ. ಸರಿ ಕಣೇ, ಬೆನ್ನು ತಾನೇ ಬೇಕು, ತಗೋ ಎಂದು ಕ್ಯಾಮೆರಾಕ್ಕೆ ಬೆನ್ನು ಹಾಕಿ ನಿಂತೆ.

ಕಥೆಯಲ್ಲಿ ನಾನು ಅಗಸಗಿತ್ತಿ. ಅಲ್ಮಿನಾ ಮನೆಬಿಟ್ಟು ಸಿರಿವಂತನ ಬಂಗಲೆ ಸೇರಿದ ಮಗಳು. ರೇಷ್ಮೆ ಹೊದಿಕೆಯಲ್ಲಿ ಸಾಯುತ್ತಿದ್ದಾಳೆ. ಭುಜ ಕುಣಿಸಿ ಅಳು ಎಂದಿದ್ದರು, ನಾನು ಅಳಲಿಲ್ಲ. ಅವಳ ಕಡೆ ಕೈ ಚಾಚಿದೆ. ಹಿಂದಕ್ಕೆಳೆದು, ಒದ್ದೆ ಕೈಯನ್ನು ಸೊಂಟದ ಹಿಂದೆ ಲಂಗಕ್ಕೆ ಒರೆಸಿಕೊಂಡೆ. ಮತ್ತೆ ಚಾಚಿದೆ, ಮತ್ತೆ ಒರೆಸಿಕೊಂಡೆ. ಮೂರನೇ ಸಲ ಒರೆಸಿ, ಆ ರೇಷ್ಮೆ ಮುಟ್ಟುವ ಧೈರ್ಯ ಬರುವಷ್ಟರಲ್ಲಿ ಮಗಳ ತಲೆ ವಾಲಿತ್ತು. ಗಾಸ್ತೋನೆ ಅಷ್ಟನ್ನೂ ಹಾಗೇ ಉಳಿಸಿಕೊಂಡ. ಅಲ್ಮಿನಾಳಿಗಂತೂ ತನ್ನ ಸಾವೇ ಬಹಳ ಹಿಡಿಸಿತು.

ಚಿತ್ರ ಬಿಡುಗಡೆಯಾದ ಭಾನುವಾರ, ಮಧ್ಯಾಹ್ನದ ಆಟಕ್ಕೆ ಸಂತೆಪೇಟೆಯ ಚಿತ್ರಮಂದಿರಕ್ಕೆ ಹೋದೆ. ಮುಂದಿನ ಬೆಂಚು, ಅಗ್ಗದ ಜಾಗ. ಸುತ್ತ ತರಕಾರಿಯವರು, ನಿಜವಾದ ಅಗಸಗಿತ್ತಿಯರು. ಹಿಂದೆ ಮೆತ್ತನೆಯ ಕುರ್ಚಿಯಲ್ಲಿ ಅಲ್ಮಿನಾ ಮತ್ತವಳ ಬಳಗ.

ಸಾಯುವ ದೃಶ್ಯ ಬಂತು. ನಾನು ಎರಡನೇ ಸಲ ಕೈ ಒರೆಸಿಕೊಂಡಾಗ ಒಬ್ಬಳು ಕೂಗಿದಳು: "ಮುಟ್ಟೇ, ನಿನ್ನ ಮಗಳಲ್ವೇನೇ!"

ಮೂರನೇ ಸಲಕ್ಕೆ ಪರದೆಯ ಪಕ್ಕ ಪಿಯಾನೋ ಬಾರಿಸುತ್ತಿದ್ದವನೂ ಬೆರಳು ನಿಲ್ಲಿಸಿಬಿಟ್ಟ. ಅಲ್ಮಿನಾ ಕಣ್ಣುಗುಡ್ಡೆ ತಿರುಗಿಸಿ ತಿರುಗಿಸಿ ಸಾಯುತ್ತಿದ್ದಳು, ಪಾಪ, ಕೇಳುವವರಿಲ್ಲ.

"ಈ ಕಡೆ ತಿರುಗೇ ತಾಯಿ!"

"ಮುಖ ತೋರ್ಸೇ ಅವ್ವಾ!"

ಇಡೀ ಮಂದಿರ ಕಾಲು ಕುಟ್ಟತೊಡಗಿತು. ತಿರುಗು! ತಿರುಗು!

ಪರದೆಯ ಮೇಲಿನವಳು ಹೇಗೆ ತಿರುಗಿಯಾಳು? ಆದದ್ದಾಗಲಿ ಎಂದು ನಾನೇ ಬೆಂಚು ಹತ್ತಿದೆ. ತಲೆವಸ್ತ್ರ ಕಿತ್ತು ಜನರ ಕಡೆ ತಿರುಗಿದೆ. ಚಿತ್ರ ಬಿಡುವ ಯಂತ್ರದ ಬೆಳಕು ಕಣ್ಣಿಗೆ ಚುಚ್ಚಿತು. ನನ್ನ ನೆರಳು ಬಿದ್ದು ಹಿಂದೆ ಪರದೆಯಲ್ಲಿ ಅಲ್ಮಿನಾಳ ಮುಖವೇ ಕಾಣದಾಯಿತಂತೆ.

"ತಿರುಗಿದೀನಿ, ನೋಡ್ರೋ!"

ಯಾರೂ ನನಗೆ ಕೂತ್ಕೋ ಅನ್ನಲಿಲ್ಲ.