ಕೆಂಪು ಪಟ್ಟಿ ಕಟ್ಟಿದ ಗಿಡಗಳು

ಒಂದನ್ನೂ ಬಿಟ್ಟಿರಲಿಲ್ಲ. ಗುಡ್ಡ ಕಡಿದ ಮಣ್ಣಿನ ದರೆಯ ಮೇಲಿನ, ನೇರಳೆ ಹೂವಿನ ನೆಕ್ಕರಿಕೆ ಗಿಡಗಳೆಲ್ಲ ಬೇರುಸಮೇತ ಕಿತ್ತುಬಂದು ದಾರಿಬದಿಯಲ್ಲಿ ರಾಶಿ ಬಿದ್ದಿದ್ದವು. ಪ್ರತಿಯೊಂದರ ಕಾಂಡದಲ್ಲೂ ಬಿಂದುಶ್ರೀ ನಿನ್ನೆ ತನ್ನ ಕೈಯಾರೆ ಕಟ್ಟಿದ ಕೆಂಪು ಪಟ್ಟಿ.

"ಯಾರು ಹೇಳಿದ್ದು ಕೀಳೋಕೆ?"

"ನೀವೇ ಅಲ್ವ್ರಾ," ಎಂದ ಎಸ್ಟೇಟಿನ ಲೆಕ್ಕ ಬರೆಯುವ ರೈಟರ್ ಬಸವಯ್ಯ. "ಪಟ್ಟಿ ಕಟ್ಟಿದ್ರಲ್ಲ. ಆಳುಗಳು ಕಿತ್ತ್‌ಬುಟ್ರು."

ದೋಣಿಗಲ್ ಸುತ್ತಿನ ತೋಟಗಳಲ್ಲಿ ಕಾಂಡಕೊರಕ ಹತ್ತಿದ ಕಾಫಿ ಗಿಡಕ್ಕೆ ಪಟ್ಟಿ ಕಟ್ಟುತ್ತಾರೆ. ಕಟ್ಟಿದ್ದನ್ನು ಕಿತ್ತು ಸುಡುತ್ತಾರೆ. ಕುಂದೂರಿನ ಬೆಳೆಗಾರರ ಮಗಳು ಬಿಂದುಶ್ರೀಗೂ ಇದು ಗೊತ್ತು. ಆದರೆ ನಿನ್ನೆ ಈ ಗಿಡಗಳನ್ನು ಯಾರೂ ಮುಟ್ಟಬಾರದೆಂದು ಪಟ್ಟಿ ಕಟ್ಟುವಾಗ ಅವಳು ಯಾರ ಮಗಳೂ ಆಗಿರಲಿಲ್ಲ, ಸಂಶೋಧಕಿಯಾಗಿದ್ದಳು.

ಉಳಿಸಬೇಕಾಗಿದ್ದದ್ದು ಒಂದು ಜಾತಿಯ ಜೇನನ್ನು. ಅಕ್ಕಿಕಾಳಿಗಿಂತ ತುಸು ದೊಡ್ಡದು. ರಾಣಿಯಿಲ್ಲ, ತುಪ್ಪವಿಲ್ಲ, ದರೆಯ ಮಣ್ಣಲ್ಲಿ ಒಬ್ಬೊಬ್ಬಳದೂ ಒಂದು ಬಿಲ. ಮರಿಗೆ ನೆಕ್ಕರಿಕೆಯ ಪರಾಗವೇ ಆಗಬೇಕು, ಬೇರೆ ಹೂವಿನತ್ತ ತಿರುಗಿಯೂ ನೋಡದು. ಅವಳು ಅದನ್ನು ಕಂಡದ್ದು ಈ ದರೆಯಲ್ಲಿ ಮಾತ್ರ. "ಎಂಥ ಹಠ," ಎಂದು ಅವಳ ಪಿಎಚ್‌ಡಿ ಗೈಡ್ ನಕ್ಕಿದ್ದರು. ಜೇನಿಗೆ ಹೇಳಿದ್ದೋ ತನಗೋ, ಅವಳು ಕೇಳಲು ಹೋಗಿರಲಿಲ್ಲ.

"ಗುದ್ದಲಿ ಕೊಡಿ. ವಾಪಸ್ ನೆಡ್ತೀನಿ."

"ಬಿಸಿಲು ಕಣ್ರೀ. ಬಾಡೋಯ್ತವೆ."

"ಗುದ್ದಲಿ ಎಲ್ಲಿದೆ?"

ಬಸವಯ್ಯ ಆಳುಗಳ ಲೈನ್‌ಮನೆಗಳ ಕಡೆ ನೋಡಿದ. "ಸ್ಟೋರ್‌ಗೆ ಬೀಗ ಹಾಕೈತೆ."

ಅವಳು ಕೈಯಿಂದಲೇ ತೋಡತೊಡಗಿದಳು. ಬೆಳಿಗ್ಗೆ ಆ ಗಿಡಗಳನ್ನು ಕಿತ್ತವರಲ್ಲೊಬ್ಬಳಾದ ಗಂಗಾಮಣಿ ಬಂದು ಪಕ್ಕದಲ್ಲಿ ಕುಕ್ಕರಿಸಿ, ಗಿಡ ಎತ್ತಿ ಹಿಡಿದಳು.

"ಕಾಡುಗಿಡಕ್ಕೆ ಇಷ್ಟೊಂದಾ, ತಾಯಿ?"

ಬಿಂದುಶ್ರೀ ಬುಡಕ್ಕೆ ಮಣ್ಣು ಎಳೆದು ಅದುಮಿದಳು. ಅವಮಾನದಿಂದ ಕಿವಿ ಸುಡುತ್ತಿತ್ತು. ತಾನು ಮುಟ್ಟದೇ ಇದ್ದಿದ್ದರೆ ಇವು ಬದುಕಿರುತ್ತಿದ್ದವು. ಉಗುರಿನ ಸಂದಿಯಲ್ಲಿ ರಕ್ತ ಬಂತು. ಬಿಡುವುದಿಲ್ಲ ಎಂದುಕೊಂಡು ಮುಂದಿನ ಗುಂಡಿ ತೋಡಿದಳು.

ಮಧ್ಯಾಹ್ನದ ಹೊತ್ತಿಗೆ ಗಿಡಗಳೆಲ್ಲ ಎದ್ದು ನಿಂತಿದ್ದವು, ದಳ ಮುದುಡಿಕೊಂಡು. ಜೇನುಗಳು ಬಂದವು. ಹೂವಿನ ಮುಂದೆ ಸ್ವಲ್ಪ ಹೊತ್ತು ತೂಗಾಡಿದವು. ಇಳಿಯಲಿಲ್ಲ.

ಕೊನೆಗೆ ಒಂದು ಇಳಿಯಿತು, ಅವಳ ಮುಂಗೈ ಮೇಲೆ. ಬೆವರು ನೆಕ್ಕತೊಡಗಿತು. ಬೆವರುಜೇನು ಎಂಬ ಹೆಸರು ಬಂದದ್ದೇ ಇದರಿಂದ. ಉಪ್ಪೊಂದು ಬಿಟ್ಟರೆ ಅಲ್ಲಿ ಬೇರೇನೂ ಇರಲಿಲ್ಲ, ಬಿಲಕ್ಕೆ ಒಯ್ಯುವಂಥದ್ದು ಏನೂ ಇರಲಿಲ್ಲ.

"ಊಟಕ್ಕೆ ಬರಲ್ವ್ರಾ?" ಗಂಗಾಮಣಿ ಕೇಳಿದಳು.

"ನೀವು ಹೋಗಿ."

ಇನ್ನೊಂದು ಬಂತು, ಮತ್ತೊಂದು. ಬಿಂದುಶ್ರೀ ತೋಳನ್ನು ದರೆಯ ಮೇಲೆ ಚಾಚಿ, ಬೆರಳು ಬಿಡಿಸಿ, ಬಿಸಿಲಲ್ಲಿ ಅಲುಗದೆ ನಿಂತಳು.