ಜಪಾನಿನ ಪೊಲೀಸಿನವಳು ಮತ್ತು ಮಂಜುಳಮ್ಮನ ಮದುವೆ

ಮೊಳಕಾಲ್ಮೂರಿನ ಚಿನ್ನಕ್ಕನಿಗೆ ಮಗ್ಗದ ಮುಂದೆ ಕೂತು ಬೆನ್ನು ನೊಂದಾಗಲೆಲ್ಲ ಜಪಾನಿನ ಒಬ್ಬ ಪೊಲೀಸಿನವಳು ಬೇಕಾಗುತ್ತಿದ್ದಳು. ಗಿಡ್ಡ ಕೂದಲು, ಹಳದಿ ರೇನ್‌ಕೋಟು, ಕೈಯಲ್ಲಿ ಮುರಿದ ದೋಣಿಯ ಹುಟ್ಟು. ಮೀನಿನ ಮಾರುಕಟ್ಟೆಯಲ್ಲಿ ಹನ್ನೆರಡು ಮಂದಿ ಗಂಡಸರನ್ನು ಒಬ್ಬಳೇ ಅಟ್ಟಾಡಿಸುತ್ತಿದ್ದಳು. ಅದು ಥಿಯೇಟರಿನ ಮುಖ ಕಂಡ ಚಿತ್ರವಲ್ಲ. ಅವರ ದೇಶದಲ್ಲಿ ನೇರ ಕ್ಯಾಸೆಟ್ಟಿಗೆಂದೇ ತೆಗೆದದ್ದು. ಗಂಡ ಗಾದ್ರಪ್ಪ ಚಳ್ಳಕೆರೆಯಲ್ಲಿ ವಿಡಿಯೊ ಅಂಗಡಿ ಇಟ್ಟಿದ್ದಾಗ ಹಳೆಯ ಕ್ಯಾಸೆಟ್ಟುಗಳ ರಾಶಿಯಲ್ಲಿ ಬಂದಿತ್ತು. ಭಾಷೆ ಒಂದಕ್ಷರ ತಿಳಿಯದು. ಒದೆಯುವುದಕ್ಕೆ ಭಾಷೆ ಯಾಕೆ? ಮಧ್ಯಾಹ್ನ ನೆರೆಯ ನೇಕಾರ ಹೆಂಗಸರು ಬಂದು ಕೂತರೆ ಚಿನ್ನಕ್ಕ ಅರ್ಧ ಕನ್ನಡದಲ್ಲಿ, ಅರ್ಧ ತೆಲುಗಿನಲ್ಲಿ ಕತೆ ಹೇಳುತ್ತಿದ್ದಳು.

ಆ ಕ್ಯಾಸೆಟ್ಟಿಗೆ ಒಂದೇ ಊನ. ಕೊನೆಯ ಹೊಡೆದಾಟಕ್ಕೆ ಅವಳು ಹುಟ್ಟು ಎತ್ತುವಷ್ಟರಲ್ಲಿ ಪರದೆ ಗರಗರ ಎಂದು ಚಳ್ಳಕೆರೆಯ ಒಂದು ಮದುವೆ ಬಂದುಬಿಡುತ್ತಿತ್ತು. ಎಣ್ಣೆ ಗಿರಣಿಯವರ ಮನೆಯ ಮಂಜುಳಮ್ಮನ ಮದುವೆ. ಅದರ ವಿಡಿಯೊ ತೆಗೆಯುತ್ತಿದ್ದ ಗಾದ್ರಪ್ಪ, ಅಕ್ಷತೆಯ ಹೊತ್ತಿಗೆ ಹೊಸ ಕ್ಯಾಸೆಟ್ಟು ಮುಗಿದು, ಚೀಲದಲ್ಲಿ ಕೈಗೆ ಸಿಕ್ಕ ಇದನ್ನೇ ಕ್ಯಾಮೆರಾಕ್ಕೆ ತುರುಕಿದ್ದ. ಆಮೇಲೆ ದೊಡ್ಡ ಮನೆಯವರಿಗೆ ಹಳೆಯ ಕ್ಯಾಸೆಟ್ಟು ಕೊಡಲು ನಾಚಿ, ಆ ಭಾಗ ಮೆಷಿನ್ನಿಗೆ ಸಿಕ್ಕಿ ಹರಿದುಹೋಯಿತೆಂದು ಹೇಳಿದ. ಚಿನ್ನಕ್ಕನೂ ಬಾಯಿ ಬಿಡಲಿಲ್ಲ. ಕೊಟ್ಟರೆ ಆ ರೇನ್‌ಕೋಟಿನ ಹುಡುಗಿಯೂ ಹೋಗುತ್ತಾಳಲ್ಲ.

ಮೂವತ್ತು ವರ್ಷದ ಮೇಲೆ, ಈ ಶ್ರಾವಣದಲ್ಲಿ ಮಂಜುಳಮ್ಮನೇ ಮಗ್ಗದ ಮನೆಗೆ ಬಂದಳು. ಮಗಳು ಐಶ್ವರ್ಯಳ ಮದುವೆಗೆ ರೇಷ್ಮೆ ಸೀರೆ ಬೇಕಿತ್ತು. ತನ್ನ ಮದುವೆಯ ದಿನ ಅವ್ವ ಉಟ್ಟಿದ್ದಂಥದ್ದೇ ಆಗಬೇಕಂತೆ. ಅವ್ವ ಅದೇ ವರ್ಷ ತೀರಿಕೊಂಡಳು, ಸೀರೆ ಯಾರ ಪಾಲಾಯಿತೋ ಗೊತ್ತಿಲ್ಲ, ಫೋಟೊಗಳಲ್ಲಿ ಜನರ ಹಿಂದೆ ಅವಳ ತಲೆ ಮಾತ್ರ ಕಾಣುತ್ತದೆ ಎಂದಳು.

"ನವಿಲು ಬಣ್ಣ ಅಂತ ನೆನಪೈತೆ. ಅಂಚು ಮಾತ್ರ ಎಷ್ಟು ತಲೆ ಕೆರ್ಕೊಂಡ್ರೂ ಬರವಲ್ದು."

"ಕುಂಕುಮದ ಅಂಚು. ಜೋಡಿ ಗೋಪುರದ ಸಾಲು, ನಡುವೆ ಮಾವಿನಕಾಯಿ," ಎಂದಳು ಚಿನ್ನಕ್ಕ, ಲಾಳಿಯಿಂದ ಕಣ್ಣು ತೆಗೆಯದೆ.

ನೇಕಾರರಿಗೆ ಮನುಷ್ಯರ ಮುಖ ಮರೆತರೂ ಅಂಚು ಮರೆಯುವುದಿಲ್ಲ. ನೂರು ಸಲ ನೋಡಿದ ಅಂಚು ತಾನಾಗಿ ಬಾಯಿಗೆ ಬಂದಿತ್ತು.

"ನೀವು ನನ್ನ ಮದುವೆಗೆ ಬಂದೇ ಇರ್ಲಿಲ್ಲ, ಚಿನ್ನಕ್ಕ."

ಮಗ್ಗ ನಿಂತಿತು. ಜಗಲಿಯ ಮೇಲೆ ಗಾದ್ರಪ್ಪ ಜೋರಾಗಿ ಕೆಮ್ಮಿದ. ಸುಮ್ಮನಿರು ಎಂಬ ಕೆಮ್ಮು ಅದು. ನಲವತ್ತು ವರ್ಷದ ಸಂಸಾರದಲ್ಲಿ ಚಿನ್ನಕ್ಕನಿಗೆ ಅಷ್ಟು ತಿಳಿಯದೆ? ಸಂತೆಯಲ್ಲಿ ಕಂಡಿದ್ದೆ ಎಂದರೆ ಗಂಡನ ಮಾನ ಉಳಿಯುತ್ತಿತ್ತು. ಆದರೆ ಎದುರಿಗೆ ಕೂತವಳು ಅವ್ವನ ಮುಖ ಕಂಡು ಮೂವತ್ತು ವರ್ಷವಾಗಿತ್ತು. ಆ ಮುಖ ತಮ್ಮ ಬೀರುವಿನಲ್ಲಿತ್ತು.

"ಕೆಮ್ಮಿದ್ದು ಸಾಕು, ಒಳಗೆ ಬರ್ರಿ. ಟೀವಿ ಹಾಕ್ರಿ," ಎಂದು ಗಂಡನಿಗೆ ಹೇಳಿ, ಮಂಜುಳಮ್ಮನ ಮುಂದೆ ಕೂತು ನಡೆದದ್ದನ್ನೆಲ್ಲ ಹೇಳಿಬಿಟ್ಟಳು. ತಾನೂ ಮುಚ್ಚಿಟ್ಟಿದ್ದೆ ಎಂಬುದನ್ನೂ ಬಿಡಲಿಲ್ಲ.

ಗಾದ್ರಪ್ಪ ಕ್ಯಾಸೆಟ್ಟು ತುರುಕಿದ. ಪರದೆ ಗರಗರ ಎಂದಿತು. ನವಿಲು ಬಣ್ಣದ ಸೀರೆಯವಳು ಜನರನ್ನು ಮೊಣಕೈಯಿಂದ ತಳ್ಳಿಕೊಂಡು ಮುಂದೆ ಬಂದಳು, ಮಗಳ ತಲೆಗೆ ಅಕ್ಷತೆ ಎರಚಿದಳು, ಗುರಿ ತಪ್ಪಿ ಅಳಿಯನ ಬಾಯಿಗೂ ಎರಡು ಕಾಳು ಬಿದ್ದಾಗ ಬಿದ್ದು ಬಿದ್ದು ನಕ್ಕಳು.

"ನಗೋವಾಗ ಬಾಯಿಗೆ ಸೆರಗು ಹಿಡೀತಿದ್ಲು. ಮರ್ತೇಬಿಟ್ಟಿದ್ದೆ ನೋಡ್ರಿ," ಎಂದು ಮಂಜುಳಮ್ಮ ಕಣ್ಣೊರೆಸಿಕೊಂಡಳು. ಇನ್ನೊಮ್ಮೆ ಹಾಕಿಸಿದಳು, ಮತ್ತೊಮ್ಮೆ ಹಾಕಿಸಿದಳು. ಗಾದ್ರಪ್ಪನಿಗೆ ಏನೋ ಅನ್ನಲು ಹೊರಟು, ಅವನ ಮುಖ ನೋಡಿ ಆ ಮಾತು ಬಿಟ್ಟಳು.

ನಾಲ್ಕನೆಯ ಸಲ ಅವನು ಗಾಬರಿಯಲ್ಲಿ ಕ್ಯಾಸೆಟ್ಟನ್ನು ತೀರ ಹಿಂದಕ್ಕೆ ಓಡಿಸಿಬಿಟ್ಟ. ರೇನ್‌ಕೋಟಿನವಳು ಐಸಿನ ಪೆಟ್ಟಿಗೆಗಳ ಮೇಲಿಂದ ಹಾರಿ ಇಬ್ಬರನ್ನು ಕೆಡವಿದಳು. ಮುಂದಕ್ಕೆ ಹಾಕುತ್ತೇನೆಂದು ಕೈ ಚಾಚಿದವನನ್ನು ಮಂಜುಳಮ್ಮ ತಡೆದಳು. ಆ ಹುಡುಗಿ ಯಾರು, ಆ ಗಂಡಸರಿಗೇನು ಬಂದಿದೆ ಎಂದು ಕೇಳಿದಳು. ಚಿನ್ನಕ್ಕ ಹೇಳುತ್ತ ಹೋದಳು. ಹೊರಗೆ ಕಾರಿನ ಡ್ರೈವರ್ ಹಾರನ್ ಹೊಡೆದರೆ ಚಹಾ ಕುಡಿದು ಬಾ ಎಂದು ಕಳಿಸಲಾಯಿತು. ಕೊನೆಗೆ ಒಬ್ಬನೇ ಉಳಿದ, ಎಲ್ಲರಿಗಿಂತ ದಪ್ಪನವನು. ಅವಳು ಹುಟ್ಟು ಎತ್ತಿದಳು. ಗರಗರ. ಮದುವೆ.

"ಥೂ, ನನ್ನ ಮದುವೆ ಇಲ್ಲೇ ಬರ್ಬೇಕಿತ್ತಾ," ಎಂದಳು ಮಂಜುಳಮ್ಮ. "ಆ ಹುಡುಗಿ ಏನಾದ್ಲು ಹೇಳ್ರಿ, ಚಿನ್ನಕ್ಕ."

ಮೊದಲು ನಕ್ಕವನು ಗಾದ್ರಪ್ಪ. ಚಿನ್ನಕ್ಕ ಗೋಡೆಗೆ ಬೆನ್ನು ಕೊಟ್ಟು, ಕಾಲು ಚಾಚಿ ಕೂತಳು.

"ಆ ದಪ್ಪನವನು ಇದ್ನಲ್ಲ, ಅವನಿಗೆ ಈಜು ಬರ್ತಿರ್ಲಿಲ್ಲ," ಎಂದು ಶುರುಮಾಡಿದಳು.