ಮಳೆಕೋಟಿನ ಮುಂದೆ ಕಡಲ್ಗಳ್ಳರು

ಆಂಬ್ರೋಸ್ ಟಿಡ್‌ಮಾರ್ಶ್ ಕಟ್ಟಿಸಿದ ರೋಮ್ ನಗರ ಒಂದು ಬುಧವಾರ ಎದ್ದು ಮರು ಮಂಗಳವಾರ ಬಿತ್ತು. ವಿಯೆನ್ನಾದ ಅರಮನೆಗೆ ಅಷ್ಟೂ ಆಯುಸ್ಸಿರಲಿಲ್ಲ. ಲಂಡನ್ನಿನ ಪಶ್ಚಿಮಕ್ಕಿದ್ದ ನಮ್ಮ ಸಿನಿಮಾ ಸ್ಟುಡಿಯೋದಲ್ಲಿ ಅವರು ಕಲಾ ನಿರ್ದೇಶಕರು. ಅವರು ಬರೆದುಕೊಟ್ಟದ್ದನ್ನು ಬಡಗಿ ಪರ್ಸಿ ಗಜನ್ ಕಟ್ಟುತ್ತಿದ್ದ, ಚಿತ್ರೀಕರಣ ಮುಗಿದ ಕೂಡಲೇ ಅದೇ ಸುತ್ತಿಗೆಯಿಂದ ಒಡೆಯುತ್ತಿದ್ದ. ಕಟ್ಟುವಾಗ ಬೈಯುತ್ತಿದ್ದ, ಒಡೆಯುವಾಗ ಹಾಡುತ್ತಿದ್ದ. ಇವರಿಬ್ಬರ ನಡುವೆ ಸೆಟ್ಟಿಗೆ ಕುರ್ಚಿ, ಪರದೆ, ದೀಪ, ಸತ್ತ ಜಿಂಕೆಯ ತಲೆ ಎಲ್ಲ ಹೊಂದಿಸುವವಳು ನಾನು, ಎಡ್ನಾ ಟ್ರಸ್ಲರ್.

ಟಿಡ್‌ಮಾರ್ಶರ ಕೆಲಸವನ್ನು ಲಕ್ಷಾಂತರ ಜನ ನೋಡಿದ್ದಾರೆ, ಒಬ್ಬರೂ ನೋಡಿಲ್ಲ. ಯಾವನೋ ನಟ ಯಾವಳಿಗೋ ಮುತ್ತು ಕೊಡುವಾಗ ಹಿಂದಿನ ಗೋಡೆಯನ್ನು ಯಾರು ನೋಡುತ್ತಾರೆ? ಅದಕ್ಕೇ ಅವರು ಭಾನುವಾರ ಮನೆಯಲ್ಲಿ ಕೂತು ಎಣ್ಣೆಬಣ್ಣದಲ್ಲಿ ಚಿತ್ರ ಬರೆಯುತ್ತಿದ್ದರು. ಮುಂದೆ ಯಾವ ನಟನೂ ಅಡ್ಡ ನಿಲ್ಲದ ಒಂದು ಚಿತ್ರ, ಅದರೆದುರು ಯಾರಾದರೂ ಒಬ್ಬರು ತಾವಾಗಿ ನಿಂತು ನೋಡಬೇಕು. ಆ ಮನುಷ್ಯನಿಗೆ ಇದ್ದದ್ದು ಇಷ್ಟೇ ಆಸೆ. ಪ್ರತಿ ವಸಂತದಲ್ಲೂ ಪಿಕಾಡಿಲಿಯ ದೊಡ್ಡ ಕಲಾಭವನದ ಬೇಸಿಗೆ ಪ್ರದರ್ಶನಕ್ಕೆ ಒಂದು ಚಿತ್ರ ಹೋಗುತ್ತಿತ್ತು. ಪ್ರತಿ ವಸಂತದಲ್ಲೂ ಬೆನ್ನಿಗೆ ಸೀಮೆಸುಣ್ಣದ ಕತ್ತರಿ ಗುರುತು ಹಾಕಿಸಿಕೊಂಡು ವಾಪಸು ಬರುತ್ತಿತ್ತು. ಹೊಳೆಯಲ್ಲಿ ಹುಣಸೆಹಣ್ಣು ತೊಳೆಯುವ ಕೆಲಸ ಎಂದು ನಾನು ಅವರ ಮುಖದೆದುರೇ ಹೇಳಿದ್ದುಂಟು.

ಆ ವರ್ಷ, ಯುದ್ಧ ಮುಗಿದರೂ ಸಕ್ಕರೆಗೆ ಇನ್ನೂ ರೇಷನ್ ಇದ್ದ ಕಾಲ, ಅವರು ಬರೆದದ್ದು ಒಂದು ಮಳೆಕೋಟು. ಅಡುಗೆಮನೆ ಬಾಗಿಲ ಹಿಂದಿನ ಮೊಳೆಗೆ ನೇತುಹಾಕಿದ, ಹೆಂಗಸರ ಕಂದು ಮಳೆಕೋಟು. ಬೇರೇನೂ ಇಲ್ಲ. ಗಜನ್ ಅದನ್ನು ಸತ್ತ ನಾಯಿ ಎಂದ. ಲೆಕ್ಕದ ಕೋಣೆಯವರು ಆಲೂಗಡ್ಡೆ ಮೂಟೆ ಎಂದರು. ಕೋಟು ಯಾರದೆಂದು ನನಗೆ ಗೊತ್ತಿತ್ತು. ಟಿಡ್‌ಮಾರ್ಶರ ಹೆಂಡತಿ ನೋರಾ ಯುದ್ಧದ ಕೊನೆಯ ಚಳಿಗಾಲದಲ್ಲಿ ನ್ಯುಮೋನಿಯಾ ಆಗಿ ತೀರಿಕೊಂಡಿದ್ದರು. ಕೋಟು ಮಾತ್ರ ಇನ್ನೂ ಅದೇ ಮೊಳೆಯಲ್ಲಿತ್ತು.

"ಎಡ್ನಾ, ಇದೇ ಕೊನೆ," ಎಂದರು ಟಿಡ್‌ಮಾರ್ಶ್. "ಇದನ್ನೂ ಯಾರೂ ನೋಡ್ಲಿಲ್ಲ ಅಂದ್ರೆ ಕುಂಚ ಎಲ್ಲಾ ಗಜನ್‌ಗೆ ಕೊಟ್ಬಿಡ್ತೀನಿ. ಅಂಟು ಬಳಿಯಕ್ಕಾಗುತ್ತೆ."

ಚೌಕಟ್ಟು ಹಾಕಿಸಿ ಕಲಾಭವನಕ್ಕೆ ಕಳಿಸಲೆಂದು ಚಿತ್ರವನ್ನು ಸ್ಟುಡಿಯೋಗೆ ತಂದ ದಿನವೇ ಎಡವಟ್ಟಾಯಿತು. ಅಂದು ಒಬ್ಬ ಲಾರ್ಡ್ ಸಾಹೇಬನ ಓದುವ ಕೋಣೆಯ ಸೆಟ್. ಗೋಡೆಗೆ ಲಾರ್ಡನ ಅಜ್ಜನ ಭಾವಚಿತ್ರ ಬೇಕಿತ್ತು. ಅಜ್ಜ ಇನ್ನೂ ಒಣಗಿರಲಿಲ್ಲ. ಸ್ಟುಡಿಯೋದ ಬೆಕ್ಕು ಅವನ ಮುಖದ ಮೇಲೆ ನಡೆದುಹೋಗಿತ್ತು. ನಿರ್ದೇಶಕರು ಖಾಲಿ ಗೋಡೆ ನೋಡಿ ಕೂಗಾಡುತ್ತಿದ್ದರು. ಟಿಡ್‌ಮಾರ್ಶ್ ಸುಮ್ಮನೆ ಹೋಗಿ ಮಳೆಕೋಟನ್ನು ತಂದು ಅಜ್ಜನ ಜಾಗಕ್ಕೆ ತೂಗುಹಾಕಿದರು.

"ಐದು ನಿಮಿಷ ತಾನೇ," ಎಂದರು. "ಹೇಗಿದ್ರೂ ಯಾರೂ ನೋಡಲ್ಲ."

ನಾಯಕ ಸರ್ ಡೆಸ್ಮಂಡ್ ಕ್ವಿಲ್ ಅದರ ಕೆಳಗೆ ಚುಟ್ಟಾ ಹಿಡಿದು ನಿಂತು ಅರ್ಧ ಮಾತು ಹೇಳಿದ. ಉಳಿದರ್ಧ ನಾಳೆ ಎಂದು ಮನೆಗೆ ಹೋದ. ಬೆಳಿಗ್ಗೆ ಎದ್ದಾಗ ಅವನಿಗೆ, ಐವತ್ತು ದಾಟಿದ ಗಂಡಸಿಗೆ, ಮಂಗನಬಾವು. ಒಂದು ಕೆನ್ನೆ ಕುಂಬಳಕಾಯಿಯಷ್ಟು ಊದಿತ್ತು. ತಿಂಗಳು ಮುಗಿಯುವವರೆಗೆ ಹಾಸಿಗೆ ಬಿಡಕೂಡದು ಎಂದರು ಡಾಕ್ಟರು.

ಅಷ್ಟರಲ್ಲಿ ಮಿಸ್ ಹ್ಯಾರಿಯೆಟ್ ಸ್ಲೇಡ್ ಬಂದು ಆ ಗೋಡೆಯ ಮುಂದೆ ಹಗ್ಗ ಕಟ್ಟಿ 'ಮುಟ್ಟಬಾರದು' ಎಂಬ ಹಲಗೆ ತೂಗಿಬಿಟ್ಟರು. ಒಂದು ಶಾಟಿಗೂ ಮುಂದಿನ ಶಾಟಿಗೂ ತಾಳೆಯಾಗುವಂತೆ ನೋಡಿಕೊಳ್ಳುವವರು ಅವರು. ಕ್ಯಾಮೆರಾ ಒಮ್ಮೆ ಕಂಡ ವಸ್ತು ದೃಶ್ಯ ಮುಗಿಯುವ ತನಕ ಅವರದು. ದೇವರು ಬಂದರೂ ಕದಲಿಸುವಂತಿಲ್ಲ. ಈ ಕಟ್ಟುಪಾಡನ್ನು ನಮ್ಮ ಸ್ಟುಡಿಯೋಗೆ ತಂದವರು ಯಾರು? ಸ್ವತಃ ಟಿಡ್‌ಮಾರ್ಶ್. ಚಹಾ ಕಲಕಲೆಂದು ಸೆಟ್ಟಿನ ಚಮಚ ಎತ್ತಿಕೊಂಡವನನ್ನು ಅವರು ಕೆಲಸದಿಂದ ತೆಗೆದುಹಾಕಿದ್ದರು. ಮಾಡಿದ್ದುಣ್ಣೋ ಮಹಾರಾಯ.

"ಶನಿವಾರ ಚಿತ್ರ ಒಪ್ಪಿಸಕ್ಕೆ ಕಡೇ ದಿನ ಕಣ್ರೀ," ಎಂದೆ ನಾನು ಮಿಸ್ ಸ್ಲೇಡ್‌ಗೆ. "ಅದರ ಜಾಗದಲ್ಲಿ ನಕಲು ಹಾಕಿದ್ರೆ ಯಾರಿಗೆ ಗೊತ್ತಾಗುತ್ತೆ?"

"ಕ್ಯಾಮೆರಾಗೆ ಗೊತ್ತಾಗುತ್ತೆ."

"ಎತ್ತಿಗೆ ಜ್ವರ ಬಂದ್ರೆ ಎಮ್ಮೆಗೆ ಬರೆ ಎಳೆದಂಗಾಯ್ತಲ್ಲ ಇದು."

"ಎತ್ತು ಹುಷಾರಾಗ್ಲಿ, ಎಮ್ಮೇನ ಬಿಡ್ತೀನಿ," ಎಂದರು ಮಿಸ್ ಸ್ಲೇಡ್.

ಎಲ್ಲರೂ ಊಟಕ್ಕೆ ಹೋದಾಗ ಎತ್ತಿಕೊಂಡು ಓಡುತ್ತೇನೆ ಎಂದು ಗಜನ್ ತೋಳೇರಿಸಿದ. ಟಿಡ್‌ಮಾರ್ಶ್ ಒಪ್ಪಲಿಲ್ಲ. "ಚಮಚಕ್ಕೊಂದು ನ್ಯಾಯ, ನನಗೊಂದು ನ್ಯಾಯನಾ?" ಎಂದರು. ಶನಿವಾರ ಬಂತು, ಹೋಯಿತು. ಸೋಮವಾರ ಅವರು ಕುಂಚಗಳ ಡಬ್ಬಿಯನ್ನು ತಂದು ಗಜನ್‌ನ ಅಂಟಿನ ಮಡಕೆಯ ಪಕ್ಕದಲ್ಲಿಟ್ಟು ತಮ್ಮ ಕೋಣೆಗೆ ಹೋದರು.

ಗಜನ್ ಆ ಡಬ್ಬಿಯನ್ನು ನೋಡಿದ. "ಚಿತ್ರ ಕಲಾಭವನಕ್ಕೆ ಹೋಗಂಗಿಲ್ಲ, ಅಲ್ವಾ?" ಎಂದ. "ಹಂಗಾದ್ರೆ ಕಲಾಭವನಾನೇ ಇಲ್ಲಿಗೆ ತಂದ್ರಾಯ್ತು ಬಿಡು. ರೋಮ್ ತಂದಿಲ್ವಾ ನಾವು?"

ಇದು ಹುಚ್ಚು ಎಂದು ಹೊರಗಿನವರಿಗೆ ಅನ್ನಿಸಬಹುದು. ನಮ್ಮಲ್ಲಿ ಯಾರಿಗೂ ಅನ್ನಿಸಲಿಲ್ಲ. ಕ್ಯಾಮೆರಾ ಕಂಡದ್ದು ಒಂದೇ ಗೋಡೆ, ಉಳಿದ ಮೂರು ಗೋಡೆಗಳ ಮೇಲೆ ತಮಗೆ ಅಧಿಕಾರವಿಲ್ಲ ಎಂದರು ಮಿಸ್ ಸ್ಲೇಡ್. ಗಜನ್ ಎತ್ತರದ ಕಮಾನು, ಗಾರೆಯ ಹೂಬಳ್ಳಿ, ಗಾಜಿನಂತೆ ಕಾಣುವ ಬಟ್ಟೆಯ ಛಾವಣಿ ಎಲ್ಲ ಎಬ್ಬಿಸಿದ. ಬಣ್ಣದವರು ಪೊರಕೆಯಂಥ ಕುಂಚ ಹಿಡಿದು ಒಂದೇ ಮಧ್ಯಾಹ್ನದಲ್ಲಿ ಗೋಡೆ ತುಂಬ ಮಹಾನ್ ಕಲಾಕೃತಿಗಳನ್ನು ಬಳಿದರು. ದೂರದಿಂದ ಕುದುರೆ, ಹತ್ತಿರದಿಂದ ಕೆಸರು. ನಾಲ್ಕನೆಯ ಗೋಡೆ ಲಾರ್ಡನ ಓದುವ ಕೋಣೆಯಾಗಿಯೇ ಉಳಿಯಿತು. ಅಲ್ಲಿ ಹಗ್ಗದ ಹಿಂದೆ ಜಿಂಕೆಯ ತಲೆ, ಸರ್ ಡೆಸ್ಮಂಡ್ ಅರ್ಧ ಸೇದಿಟ್ಟ ಚುಟ್ಟಾ, ನಡುವೆ ಮಳೆಕೋಟು.

ನೋಡುವ ಜನ ಬೇಕಲ್ಲ. ಪಕ್ಕದ ಸೆಟ್ಟಿನಲ್ಲಿ ಕಡಲ್ಗಳ್ಳರ ಸಿನಿಮಾ ನಡೆಯುತ್ತಿತ್ತು. ಅವರ ಹಡಗು ಸೋರತೊಡಗಿದ್ದರಿಂದ ಗುಂಪಿನಲ್ಲಿ ನಿಲ್ಲುವ ಎಕ್ಸ್‌ಟ್ರಾಗಳೆಲ್ಲ ಬೆಳಗಿನಿಂದ ಕೈಕಟ್ಟಿ ಕೂತಿದ್ದರು. ಅವರನ್ನೇ ಕರೆತಂದೆ. ಉಡುಪು ಬದಲಿಸಲು ಹೊತ್ತಿರಲಿಲ್ಲ. ಹೀಗೆ ಪಿಕಾಡಿಲಿಯ ಕಲಾಭವನಕ್ಕೆ ಒಂಟಿಗಣ್ಣರು, ಮರಗಾಲಿನವರು, ಭುಜದ ಮೇಲೆ ಹತ್ತಿ ತುಂಬಿದ ಗಿಳಿ ಕೂರಿಸಿಕೊಂಡವರು, ಬಂದರಿನ ಮೀನುಗಾರ್ತಿಯರು ಎಲ್ಲರೂ ಸಾಲಾಗಿ ಬಂದರು.

ಟಿಡ್‌ಮಾರ್ಶರನ್ನು ಕೋಣೆಯಿಂದ ಎಬ್ಬಿಸಿ ತಂದದ್ದು ಗಜನ್. ಬಾಗಿಲಲ್ಲಿ ನಿಂತು ಅವರು ಸುತ್ತಲೂ ನೋಡಿದರು. "ಹೂಬಳ್ಳಿ ಉಲ್ಟಾ ಕೂರಿಸಿದ್ದೀಯಲ್ಲೋ," ಎಂದರು.

"ಒಡೆಯೋವಾಗ ಸರಿ ಮಾಡ್ತೀನಿ ಯಜಮಾನ್ರೇ," ಎಂದ ಗಜನ್.

ದೀಪಗಳು ಹೊತ್ತಿಕೊಂಡವು. ಕಡಲ್ಗಳ್ಳರು ಗೋಡೆಯಿಂದ ಗೋಡೆಗೆ ನಡೆದಾಡಿ ಗುಜುಗುಜು ಮಾಡತೊಡಗಿದರು. ಜನರ ಗುಜುಗುಜು ಬೇಕಾದಾಗ ನಮ್ಮ ಎಕ್ಸ್‌ಟ್ರಾಗಳು ರುಬಾರ್ಬ್ ಎಂಬ ಹುಳಿ ಕಾಂಡದ ತರಕಾರಿಯ ಹೆಸರನ್ನೇ ಜಪಿಸುವುದು ವಾಡಿಕೆ. ಟಿಡ್‌ಮಾರ್ಶ್ ಹಗ್ಗದ ಬಳಿ ನಿಂತಿದ್ದ ಒಬ್ಬ ಮರಗಾಲಿನವನನ್ನು ಮೆಲ್ಲಗೆ ಕೇಳಿದರು:

"ಏನನ್ಸುತ್ತೆ ನಿಮಗೆ, ಈ ಚಿತ್ರ ನೋಡಿದ್ರೆ?"

"ರುಬಾರ್ಬ್," ಎಂದ ಅವನು, ಬಹಳ ಗಂಭೀರವಾಗಿ. "ರುಬಾರ್ಬ್, ರುಬಾರ್ಬ್."

ಟಿಡ್‌ಮಾರ್ಶ್ ನಕ್ಕರು. ಆ ನಗು ನನಗೆ ಸರಿ ಕಾಣಲಿಲ್ಲ. ನಮ್ಮ ಪ್ರೀತಿಗೆ ಕಟ್ಟುಬಿದ್ದು ಅವರು ನಗುತ್ತಿದ್ದರು, ಒಳಗೆ ಏನೂ ತಣಿದಿರಲಿಲ್ಲ. ಇಷ್ಟೆಲ್ಲ ಮಾಡಿ ನಾವು ಅವರಿಗೆ ಕೊಟ್ಟದ್ದು ಇನ್ನೊಂದು ಸೆಟ್ಟು ಮಾತ್ರ.

ಅಷ್ಟರಲ್ಲಿ ಚಹಾದ ಗಂಟೆ ಹೊಡೆಯಿತು. ಚಹಾದ ಗಂಟೆಗೆ ನಮ್ಮಲ್ಲಿ ನೀರಲ್ಲಿ ಮುಳುಗುತ್ತಿರುವ ನಟನನ್ನೂ ಅಲ್ಲೇ ಬಿಟ್ಟು ಹೋಗುತ್ತಾರೆ. ದೊಡ್ಡ ದೀಪಗಳು ಆರಿದವು, ಕಡಲ್ಗಳ್ಳರು ಗಿಳಿಗಳ ಸಮೇತ ಬನ್ನಿನ ಗಾಡಿಯತ್ತ ನುಗ್ಗಿದರು. ಒಂದು ಸಣ್ಣ ಬಲ್ಬಿನ ಬೆಳಕಷ್ಟೇ ಉಳಿಯಿತು. ಅದರಡಿಯಲ್ಲಿ ಒಬ್ಬಳು ಮೀನುಗಾರ್ತಿ, ಆಲಿವ್ ಪೆಚ್ ಎಂಬ ವಯಸ್ಸಾದ ಎಕ್ಸ್‌ಟ್ರಾ, ಗಾರೆಯ ಮೀನು ತುಂಬಿದ ಬುಟ್ಟಿ ಸೊಂಟಕ್ಕಾನಿಸಿಕೊಂಡು ಹಾಗೇ ನಿಂತಿದ್ದಳು.

"ಹೋಗಮ್ಮ, ಬನ್ನು ಖಾಲಿಯಾಗುತ್ತೆ," ಎಂದರು ಟಿಡ್‌ಮಾರ್ಶ್. "ನಿನ್ನ ಕೆಲಸ ಮುಗೀತು."

"ಹೋಗ್ತೀನಿ ಸಾರ್, ಒಂದ್ನಿಮಿಷ." ಅವಳು ತಿರುಗಿ ನೋಡಲಿಲ್ಲ. "ಭುಜದ ಮೇಲೆ ಇನ್ನೂ ನೀರಿದೆ ನೋಡಿ. ಈಗಷ್ಟೇ ಬಂದು ಬಿಚ್ಚಿ ಹಾಕಿದಾಳೆ. ಒಳಗೆ ಚಹಾಕ್ಕೆ ನೀರಿಡ್ತಾ ಇರ್ಬೇಕು."

ಟಿಡ್‌ಮಾರ್ಶ್ ಅವಳ ಪಕ್ಕಕ್ಕೆ ಬಂದು ನಿಂತರು. "ಹೌದು," ಎಂದರು. "ಅವಳು ಹಾಗೇ. ಕೋಟು ಒದರ್ತಾನೇ ಇರ್ಲಿಲ್ಲ. ನೆಲವೆಲ್ಲ ಒದ್ದೆ."

"ಕೆಳಗೆ ಏನೋ ಇದೆ, ನೀರಾ ಅದು? ಇಲ್ಲಿಂದ ಕಾಣ್ತಿಲ್ಲ."

ಆಗ ಟಿಡ್‌ಮಾರ್ಶ್, ಒಂದು ಚಮಚಕ್ಕಾಗಿ ಒಬ್ಬನ ಅನ್ನ ಕಿತ್ತುಕೊಂಡ ಮನುಷ್ಯ, ಹಗ್ಗವನ್ನು ತಮ್ಮ ಕೈಯಿಂದಲೇ ಮೇಲೆತ್ತಿ ಹಿಡಿದರು. ಆಲಿವ್ ಬುಟ್ಟಿ ಕೆಳಗಿಟ್ಟು, ಬಗ್ಗಿ ಒಳಗೆ ಹೋಗಿ, ಚಿತ್ರಕ್ಕೆ ಮೂಗು ತಾಗುವಷ್ಟು ಹತ್ತಿರ ನಿಂತಳು. ನಾನು ಕಂಬದ ಹಿಂದೆ ನಿಂತು ಅಳುತ್ತಿದ್ದೆ. ಮರೆತ ಕನ್ನಡಕ ತೆಗೆದುಕೊಳ್ಳಲು ವಾಪಸು ಬಂದ ಮಿಸ್ ಸ್ಲೇಡ್ ಬಾಗಿಲಲ್ಲೇ ನಿಂತರು. ಎತ್ತಿದ ಹಗ್ಗ ಅವರ ಕಣ್ಣಿಗೆ ಬಿತ್ತು. ಅವರು ನಿಧಾನವಾಗಿ ಎದುರು ಗೋಡೆಗೆ ಮುಖ ತಿರುಗಿಸಿ, ಪೊರಕೆಯಲ್ಲಿ ಬಳಿದ ಕುದುರೆಯನ್ನು ನೋಡುತ್ತಾ ನಿಂತರು.